ನೆಲ, ಬೂಟು

ನಿರ್ದೇಶಕರ ಚೀಟಿ ಚಿಕ್ಕದು:
ಮಾತೊಜಿನ್ಯೋಸ್ ಬಂದರು, ಐವತ್ತೆಂಟರ ಆಸುಪಾಸು,
ಮೀನಿನ ಕಾರ್ಖಾನೆಯ ಗೇಟು, ಪಾಳಿ ಮುಗಿಸಿದ ಹೆಂಗಸರು.
ಹನ್ನೆರಡು ಸೆಕೆಂಡು ಸಾಕು.
ಯಾರೂ ಕ್ಯಾಮೆರಾ ನೋಡುತ್ತಿರಬಾರದು.

ಹೀಗೆ ಕೇಳುವವರೇ ಎಲ್ಲ.
ಅಳುವ ಜನ ಬೇಕು, ತೀರಾ ಅಳಬಾರದು.
ಮಳೆ ಬೇಕು, ಯಾರ ಹಕ್ಕೂ ಇಲ್ಲದ ಮಳೆ.
ಇಪ್ಪತ್ತೆರಡು ವರ್ಷದಿಂದ
ಕಂಡವರ ಮಳೆಯನ್ನು ಹುಡುಕಿ ಕೊಡುತ್ತಿದ್ದೇನೆ
ಸೆಕೆಂಡಿನ ಲೆಕ್ಕದಲ್ಲಿ.

ಲಿಸ್ಬನ್ನಿನ ಹೊರಗೆ, ಎಂಟು ಡಿಗ್ರಿಯ ಉಗ್ರಾಣದಲ್ಲಿ
ವಾಲ್ದೆಮಾರ್ ಮುಚ್ಚಳ ತೆಗೆದು ಮೊದಲು ಮೂಸುತ್ತಾನೆ,
ನಿನ್ನೆಯ ಸಾರು ಹಳಸಿದೆಯೋ ಎಂದು ನೋಡುವವರ ಹಾಗೆ.
ಹುಳಿ ವಾಸನೆ ಬಂದರೆ ಫಿಲ್ಮು ಸಾಯುತ್ತಿದೆ.
'ಇನ್ನು ಹತ್ತು ವರ್ಷ' ಎನ್ನುತ್ತಾನೆ.
ಯಾರಿಗೆ, ಎಂದು ನಾನು ಕೇಳುವುದಿಲ್ಲ.

ಅವರೂ ಡಬ್ಬಿ ತುಂಬುತ್ತಿದ್ದವರೇ,
ತಲೆ ಕತ್ತರಿಸಿ, ಬಾಲ ಕತ್ತರಿಸಿ,
ಎಣ್ಣೆ ಹೊಯ್ದು, ಮುಚ್ಚಳ ಒತ್ತಿ.
ನಾನೂರ ಹದಿನೇಳನೆಯ ಡಬ್ಬಿಯಲ್ಲಿ ಈಗ
ಒತ್ತೊತ್ತಾಗಿ ಅವರೇ ಇದ್ದಾರೆ.
ಕಾರ್ಡಿನ ಮೇಲೆ ಯಾರದೋ ಸೀಸದಕಡ್ಡಿ:
ಗೇಟು, ಕೆಲಸಗಾರ್ತಿಯರು. ಧ್ವನಿಯಿಲ್ಲ.
ಕೊನೆಗೆ ನೆಲ, ಬೂಟು. ದೋಷ.

ಚಕ್ರ ತಿರುಗಿಸಿದೆ.
ಏಪ್ರನ್ನು ಬಿಚ್ಚುತ್ತ, ತಲೆವಸ್ತ್ರ ಕಟ್ಟುತ್ತ,
ಒಬ್ಬಳು ತನ್ನ ಕೈ ತಾನೇ ಮೂಸಿ ಮುಖ ಸಿಂಡರಿಸುತ್ತ
ಬಂದರು, ಬಂದರು.
ಹನ್ನೆರಡಾಯಿತು. ನಿಲ್ಲಿಸಬಹುದಿತ್ತು.
ಹದಿನಾಲ್ಕರಲ್ಲಿ ಒಬ್ಬ ಗಿಡ್ಡ ಹೆಂಗಸು
ಗುಂಪು ಬಿಟ್ಟು ನೇರ ನನ್ನತ್ತ ಬಂದು
ಏನೋ ಅಂದಳು.

ಏನು?

ಕೊಟ್ಟ ಕೂಲಿ ಇಷ್ಟಕ್ಕಲ್ಲ. ಆದರೂ
ಪುಸ್ತಕಕ್ಕೆ ರಟ್ಟು ಕಟ್ಟುವ ಅನ್ಸೆಲ್ಮುವನ್ನು ಕರೆತಂದೆ.
ಹುಟ್ಟುಕಿವುಡ, ತುಟಿಗಳನ್ನು ಅಚ್ಚಿನ ಹಾಗೆ ಓದುತ್ತಾನೆ.
ಬೈಗುಳವಿರಬೇಕು, ಧಣಿಯ ಹೆಸರಿರಬೇಕು,
ಬಾಯಿ ಬಿಟ್ಟರೆ ಜೈಲಾಗುತ್ತಿದ್ದ ಕಾಲ ಅದು,
ನಾನಾಗಲೇ ಮನಸ್ಸಿನಲ್ಲಿ ದರ ಏರಿಸಿಬಿಟ್ಟಿದ್ದೆ.
ಅವನು ಮೂರು ಸಲ ನೋಡಿದ.
ನಕ್ಕ. ಮೇಜಿನಡಿ ಬಗ್ಗಿ
ನನ್ನ ಬೂಟು ಮುಟ್ಟಿದ. ಮೇಲೆದ್ದು ಬರೆದುಕೊಟ್ಟ:

'ಲೇಸು ಬಿಚ್ಚಿದೆ ಮಗಾ, ಬೀಳ್ತೀಯ.'

ಅದಕ್ಕೇ ನೆಲ.
ಅದಕ್ಕೇ ಬೂಟು.
ಬಗ್ಗಿದವನ ಕೈಯಲ್ಲಿ ಕ್ಯಾಮೆರಾ ಓಡುತ್ತಲೇ ಇತ್ತು:
ಕಲ್ಲುಹಾಸು, ಮೀನಿನ ಹುರುಪೆ, ಎಳೆದುಕೊಂಡು ಬಂದ ದಾರ,
ಪಕ್ಕದಲ್ಲಿ ದಾಟಿಹೋಗುವ ಮರದ ಮೆಟ್ಟುಗಳು,
ಒಂದು ಜೊತೆ ಮಾತ್ರ
ಅವನು ಗಂಟು ಹಾಕುವವರೆಗೆ
ನಿಂತೇ ಇತ್ತು.

ನಿರ್ದೇಶಕರು ಹನ್ನೊಂದು ಸೆಕೆಂಡು ಕೊಂಡರು.
ವೇಗ ಇಳಿಸಿ, ಪಿಟೀಲು ಸೇರಿಸಿ
ಆ ಹೆಂಗಸರನ್ನೆಲ್ಲ ದುಃಖಿಗಳನ್ನಾಗಿ ಮಾಡಿದರು.
ಹಣ ಸರಿಯಾದ ದಿನಕ್ಕೆ ಬಂತು.

ಡಬ್ಬಿ ಹಿಂತಿರುಗಿಸುವಾಗ ರಬ್ಬರು ಕೇಳಿದೆ.
ಕಾರ್ಡು ತಿದ್ದುವಂತಿಲ್ಲ, ಎಂದ ವಾಲ್ದೆಮಾರ್.
ಎಂದವನು ರಬ್ಬರು ಮೇಜಿನ ಮೇಲಿಟ್ಟು
ಬೆನ್ನು ತಿರುಗಿಸಿ ಕನ್ನಡಕ ಒರೆಸತೊಡಗಿದ,
ಬಹಳ ಹೊತ್ತು.

'ದೋಷ' ಅಳಿಸಿದೆ.
ಎರಡಕ್ಷರದ ಜಾಗ. ಎಷ್ಟು ತಾನೇ ಬರೆಯಲಾದೀತು?
ಹಿಡಿಯುವಷ್ಟು ಬರೆದೆ:
ಲೇಸು.