ಅಳತೆ ಪುಸ್ತಕ

ಚಿಕ್ಕಪೇಟೆಯ ಈ ಅಂಗಡಿಯಲ್ಲಿ ಕಿರೀಟ ಬಾಡಿಗೆಗೆ,
ಗದೆ ಬಾಡಿಗೆಗೆ, ಸುರುಳಿ ಸುತ್ತಿಟ್ಟ ಹಸ್ತಿನಾವತಿಯೂ ಬಾಡಿಗೆಗೆ.
ಅಂಚು ಇಲಿ ಕಡಿದಿದೆ, ದೂರಕ್ಕೆ ಕಾಣುವುದಿಲ್ಲ.
ಬಾಡಿಗೆಗಲ್ಲದ್ದು ಒಂದೇ, ಕೆಂಪು ರಟ್ಟಿನ ಅಳತೆ ಪುಸ್ತಕ.
ಅದರೊಳಗೆ ಇಪ್ಪತ್ತೇಳು ಕಡೆ ವಜ್ರಮ್ಮ.

ಮೊದಲ ಸಲ ಬಂದಾಗ ಹತ್ತೊಂಬತ್ತು.
ಎದೆ ಮೂವತ್ತು, ತೋಳು ಒಂಬತ್ತು, ಮುಂಗಡ ಎರಡು ರೂಪಾಯಿ.
ಪಾತ್ರ: ಐವರ ಹೆಂಡತಿ.
"ದಸ್ತಗೀರಣ್ಣ, ಕಂಕುಳಲ್ಲಿ ಸಡಿಲ ಬಿಡು,
ಕೈಯೆತ್ತಿ ಕೂಗಬೇಕು" ಅಂದಳು.
ಯಾರನ್ನ ಅಂತ ನಾನು ಕೇಳಲಿಲ್ಲ.

ರಾಗಿ ಒಕ್ಕಣೆ ಮುಗಿಸಿ
ಹಾರ್ಮೋನಿಯಂ ಮೇಷ್ಟ್ರ ಹಿಂದೆ ಕಂದಪದ್ಯ ಉರು ಹೊಡೆದವರು,
ಚೀಟಿ ಹಣ ಎತ್ತಿ ರಾಜರಾದವರು ಊರೂರಲ್ಲಿ.
ಇವಳೊಬ್ಬಳೇ ದುಡ್ಡು ಈಸಿಕೊಂಡವಳು,
ರಾತ್ರಿಗೊಂದು ಐವರಿಗೆ ಹೆಂಡತಿ,
ಬೆಳಗಿನ ಮೊದಲ ಬಸ್ಸಿಗೆ ಯಾರಿಗೂ ಅಲ್ಲ.

ಕೊಳಲಿನವನು ಕೊಟ್ಟ ಮುಗಿಯದ ಸೀರೆ ಗೊತ್ತಲ್ಲ?
ಅದು ಮುಗಿಯುತ್ತಿತ್ತು. ಒಂಬತ್ತು ಸೀರೆ, ಎಂಟು ಜೋಡಣೆ,
ನನ್ನ ಮಿಷನ್ನಿನವು.
ಕೊರಟಗೆರೆ ಹತ್ತಿರ ಒಂದು ರಾತ್ರಿ
ಕುಡಿದು ಬಂದವನು ನಿಜಕ್ಕೂ ಎಳೆದ.
ನಾಲ್ಕನೇ ಜೋಡಣೆ ಕಿತ್ತಿತು.
ಸೈಡ್‌ವಿಂಗಲ್ಲಿ ಸೂಜಿ ಹಿಡಿದು ನಾನು ನಡುಗುತ್ತಿದ್ದರೆ
ಅವಳು ಹರಿದ ತುದಿಯನ್ನ ಹಲ್ಲಲ್ಲಿ ಕಚ್ಚಿ,
ಕಚ್ಚಿದ ಹಲ್ಲಿನ ಸಂದಿಯಿಂದಲೇ ಪದ್ಯ ಮುಗಿಸಿದಳು.
ಜನ ಒನ್ಸ್ ಮೋರ್ ಅಂದರು.
ಆ ಪಾಪ ನನ್ನ ದಾರದ್ದು. ಇವತ್ತಿಗೂ ಎರಡೆರಡು ಸಲ ಹೊಲಿಯುತ್ತೇನೆ.

ಆಮೇಲೆ ಸಿನಿಮಾ. ಅಲ್ಲಿ ಎಲ್ಲರಿಗೂ ಅಮ್ಮ.
ಬಿಳಿ ಸೀರೆ, ಕೆಮ್ಮು, ಹೊಲಿಗೆ ಮಿಷನ್ನು
(ತುಳಿಯೋದು ಕಲಿತದ್ದು ಈ ಸ್ಟೂಲಿನ ಮೇಲೆ ಕೂತು).
ಮಗ ಪಾಸಾಗಿ ಓಡಿ ಬರುವ ಹೊತ್ತಿಗೆ ಸಾಯಬೇಕು.
ಹದಿನಾಲ್ಕು ಸಲ ಸತ್ತಳು;
ಒಂದರಲ್ಲೂ ಅಮ್ಮನಿಗೆ ಹೆಸರಿಟ್ಟಿರಲಿಲ್ಲ.
ಟಾಕೀಸಿನಲ್ಲಿ ನನ್ನ ಹೆಂಡತಿ ಬಿಕ್ಕುತ್ತಿದ್ದರೆ
ನಾನು ರವಿಕೆ ನೋಡುತ್ತಿದ್ದೆ.
ಬೆಂಗಳೂರಿನವರು ಕಂಕುಳಲ್ಲಿ ಬಿಗಿ ಹಿಡಿದಿದ್ದರು.
ಕೈಯೆತ್ತುವ ಪಾತ್ರ ಅಲ್ಲವಲ್ಲ.

ಸನ್ಮಾನವೂ ಆಯಿತು. ಜರಿ ಶಾಲು ತಂದು
"ದಿಂಬಿನ ಚೀಲ ಮಾಡ್ಕೊಡು" ಅಂದಳು.
ಮಾಡಿಕೊಟ್ಟೆ. ಕೆನ್ನೆಗೆ ಚುಚ್ಚುತ್ತೆ ಅಂತ ವಾಪಸ್ ತಂದಳು.

ಮೊನ್ನೆ ಬಂದಳು, ಆಟೋ ನಿಲ್ಲಿಸಿಕೊಂಡು.
ಎಡಭುಜ ಏಳುವುದಿಲ್ಲ, ಬೆನ್ನ ಹುಕ್ಕು ಬೇಡ, ಮುಂದಿಡು.
ಟೇಪು ಹಿಡಿದು, ರೂಢಿಯ ಮೇಲೆ, "ಪಾತ್ರ?" ಅಂದೆ.

"ಕಾಲೇಜು ಮೈದಾನದಲ್ಲಿ ಶನಿವಾರ ನಾಟಕ ಐತೆ,
ಯಾರೋ ಹೊಸ ಹುಡುಗಿ.
ಮುಂದಿನ ಸಾಲಲ್ಲಿ ಕುರ್ಚಿ ಹೇಳಿದೀನಿ.
ಎದುರಿಂದ ಹೆಂಗೆ ಕಾಣ್ತದೆ, ಒಂದ್ಸಲ ನೋಡ್ಬೇಕು ಕಣೋ."

ಪಾತ್ರದ ಜಾಗ ಖಾಲಿ ಬಿಟ್ಟೆ.
ಕಂಕುಳಿಗೆ ಅರ್ಧ ಇಂಚು ಸಡಿಲ ಬರಕೊಂಡೆ, ಅವಳು ಹೇಳದಿದ್ದರೂ.
ಹೊರಗೆ ಆಟೋದವನು ಹಾರನ್ ಹೊಡೆಯುತ್ತಲೇ ಇದ್ದ.