ದೋಷ ಸಂಖ್ಯೆ ನಾನೂರ ಹನ್ನೆರಡು

ಹುಲ್ಲಿನಲ್ಲಿ ಬೋರಲು ಮಲಗುವುದು ನನ್ನ ಕೆಲಸ.
ಬೆಳಿಗ್ಗೆ ಹನ್ನೊಂದರಿಂದ, ಕೋರಮಂಗಲದ ಮೂರನೇ ಮಹಡಿಯಲ್ಲಿ,
ಏಸಿ ಗಾಳಿಗೆ ಶಾಲು ಹೊದ್ದು,
ಯಾವುದೋ ಚಳಿ ದೇಶದ ಹಳೆಯ ಯುದ್ಧದಲ್ಲಿ.

ನಾನೂರು ಮೀಟರಿಗೆ ಗುಂಡು ಎಷ್ಟು ಇಳಿಯುತ್ತದೆ,
ಉಸಿರು ಹಿಡಿದರೆ ಎಷ್ಟು ಹೊತ್ತಿಗೆ ಕೈ ನಡುಗಬೇಕು,
ಎಲ್ಲ ಬರೆದಿಡುತ್ತೇನೆ.
ಕಾವಲಿನವನಿಗೆ ಅರವತ್ತು ಡಿಗ್ರಿ ನೋಟ.
ಎಂಬತ್ತು ಹೆಜ್ಜೆ ಹೋಗಿ, ಆಕಳಿಸಿ, ತಿರುಗುತ್ತಾನೆ.
ಕಳೆದ ವಾರ ಅವನಿಗೊಂದು ಕೆಮ್ಮು ಕೊಟ್ಟರು,
ನಿಜ ಅನ್ನಿಸಲಿ ಎಂದು.
ಕೆಮ್ಮುವವನನ್ನು ಕೊಲ್ಲಲು ನನಗೆ
ಒಂದು ಸೆಕೆಂಡು ಹೆಚ್ಚು ಹಿಡಿಯಿತು.
ಅದನ್ನು ಬರೆಯಲಿಲ್ಲ.

ಸದ್ದನ್ನು ಸದ್ದಿನಡಿ ಬಚ್ಚಿಡು, ಇದು ಆಟದ ನಿಯಮ.
ಮೇಲೆ ವಿಮಾನ ಹಾದಾಗ ಹೊಡೆ.

ಅದನ್ನೇ ಈಜಿಪುರಕ್ಕೂ ತಂದೆ.
ಹತ್ತೂವರೆಗೆ ಪೀಜಿ ಗೇಟು ಬಂದ್.
ತಡವಾದರೆ ಪದ್ಮಾವತಕ್ಕನಿಗೆ ಇನ್ನೂರು ರೂಪಾಯಿ ದಂಡ,
ಜೊತೆಗೆ ಶಿರಾಕ್ಕೆ, ಅಪ್ಪನಿಗೊಂದು ಫೋನು.
ಆಟದ ಬಿಡುಗಡೆ ಹತ್ತಿರ; ಆಫೀಸು ಬಿಡುವುದೇ ಒಂದಕ್ಕೆ.
ಅರ್ಧಕ್ಕೆ ನಿಂತ ಫ್ಲೈಓವರಿನ ಕಂಬದ ಮರೆಯಲ್ಲಿ ಕಾಯುತ್ತೇನೆ,
ಚಪ್ಪಲಿ ಕೈಯಲ್ಲಿ.
ವಾಚ್‌ಮನ್ ಸಾಬಣ್ಣ, ಸುರಪುರದ ಕಡೆಯವನು,
ಗೇಟಿನಿಂದ ಸಂಪಿನವರೆಗೆ ಇಪ್ಪತ್ತೆರಡು ಹೆಜ್ಜೆ,
ಅಲ್ಲೊಂದು ಬೀಡಿ, ಆಮೇಲೆ ತಿರುವು.
ಎದುರು ಅಪಾರ್ಟ್‌ಮೆಂಟಿಗೆ ನೀರಿನ ಟ್ಯಾಂಕರು ಬಂದು
ಮೋಟರು ಗುಡುಗತೊಡಗಿದರೆ
ಚಿಲಕ. ಸಂದಿ. ಮೆಟ್ಟಿಲು.
ಬೀಗ ಯಾಕೋ ಯಾವತ್ತೂ ಹಾಕಿರುವುದಿಲ್ಲ.
ಹತ್ತೊಂಬತ್ತು ರಾತ್ರಿ, ಒಮ್ಮೆಯೂ ಸಿಕ್ಕಿಬಿದ್ದಿಲ್ಲ.
ನನ್ನಷ್ಟು ಚೆನ್ನಾಗಿ ಈ ವಿದ್ಯೆ
ಇನ್ಯಾರಿಗೆ ಬಂದೀತು ಅಂದುಕೊಂಡಿದ್ದೆ.

ನಿನ್ನೆ ಟ್ಯಾಂಕರು ಬರಲಿಲ್ಲ.
ಒಂದೂವರೆ. ಒಂದೂಮುಕ್ಕಾಲು.
ನಾಯಿ ಕೂಡ ಬೊಗಳದ ಬೀದಿ.
ಸಾಬಣ್ಣ ಸಂಪಿನ ಹತ್ತಿರ ನಿಂತ,
ನನ್ನತ್ತ ಬೆನ್ನು ಮಾಡಿ,
ಬೀಡಿಯಿಲ್ಲ, ಏನಿಲ್ಲ,
ಕೆಮ್ಮಿದ.
ನಾನು ಕದಲಲಿಲ್ಲ.
ಮತ್ತೆ ಕೆಮ್ಮಿದ, ಜೋರಾಗಿ,
ಒಂದು ಗೇಟು ತೆರೆದು ಮುಚ್ಚುವಷ್ಟು ಉದ್ದಕ್ಕೆ.
ಆಮೇಲೆ ಗೋಡೆಗೆ ಹೇಳಿದ:
‘ಲಗೂನ ಹೋಗವಾ, ಎಷ್ಟಂತ ಕೆಮ್ಮಲಿ.’

ಇವತ್ತು ಪರದೆಯಲ್ಲಿ, ಆರು ಹೆಜ್ಜೆ ದೂರದಿಂದ,
ಕಾವಲಿನವನು ಹುಲ್ಲಿನೊಳಗೆ ನೇರ ನನ್ನನ್ನೇ ನೋಡಿದ.
ತಿರುಗಿ ಹೋದ.
ದೋಷ ಸಂಖ್ಯೆ ನಾನೂರ ಹನ್ನೆರಡು:
ಕಂಡೂ ಕಾಣದಂತೆ ಹೋಗುತ್ತಾನೆ. ನೈಜತೆಗೆ ಭಂಗ.
ಟೈಪು ಮಾಡಿ ತುಂಬ ಹೊತ್ತು ಕೂತೆ.

ಕೊನೆಯ ಎರಡು ಪದ ಅಳಿಸಿದೆ.