ತೋರಣ ದೊರೆಯ ಮಗಳಿಗೆ

ನಿಮ್ಮ ಕಾಗದ ಬಂತು, ಅಮ್ಮಾ. ಜೊತೆಗೆ ತಂದೆಯವರ
ಬದುಕು, ಒಂದೂವರೆ ಪುಟ:
ಸಿನಿಮಾ ಹದಿನಾಲ್ಕು, ಟೆಲಿವಿಷನ್ನಿಗೆ ಆರು ಸರಣಿ,
ಒಂದು ಬಹುಮಾನ, ಎರಡು ಮದುವೆ,
ಕೊನೆಗೆ ಸಮುದ್ರದ ಬದಿ ಒಂದು ಆಸ್ಪತ್ರೆ.
ಬರ್ನಾರ್ಡ್ ಥಾರ್ನ್‌ವೆಲ್ ಅಂತ ಅಚ್ಚಾಗಿದೆ.
ಕುಂಬಳೆಯ ಬಾಯಲ್ಲಿ ಅವರು ತೋರಣ ದೊರೆ.

ಎಪ್ಪತ್ತೊಂದರ ಸಾಲಿಗೆ ಬೆರಳಿಟ್ಟು ಓದಿದೆ:
'ಬರ್ಮಾದ ನದಿಯೊಂದರ ಕತೆ.'
ಅದು ನಮ್ಮ ಶಿರಿಯಾ ಹೊಳೆ.
ರೈಲು ಸೇತುವೆ ಕಾಣದ ಹಾಗೆ
ಕ್ಯಾಮರಾ ತುಸು ಎಡಕ್ಕೆ ತಿರುಗಿಸಿದರೆ ಬರ್ಮಾ.
ನಮಗೇನೂ ಬೇಸರವಿಲ್ಲ. ಬೋರ್ಡಿನಲ್ಲಿ ಒಂದು ಹೆಸರು,
ಬಾಯಲ್ಲಿ ಇನ್ನೊಂದು,
ಹಾಗೇ ಬದುಕಿ ಅಭ್ಯಾಸವಾದ ಊರು.

ಒಬ್ಬ ಮನುಷ್ಯ, ಎರಡು ಟೋಪಿ.
ಹುಲ್ಲಿನದು ಇಟ್ಟರೆ ನಿರ್ದೇಶಕ:
ಮೋಡ ಸರಿಯಲಿ ಅಂತ ಮೂರು ದಿನ ಮರಳಲ್ಲಿ ಕೂತರು.
ಖಾಕಿಯದು ಇಟ್ಟರೆ ನಿರ್ಮಾಪಕ:
ಆ ಮೂರು ದಿನದ ಜನರೇಟರ್ ಬಾಡಿಗೆ, ಬೊಂಡ ನೂರಿಪ್ಪತ್ತು,
ದೋಣಿಗೆ ಹನ್ನೊಂದು ರೂಪಾಯಿ,
ಎಲ್ಲ ಬರೆದು, ಹುಲ್ಲಿನ ಟೋಪಿಯನ್ನು ಎದುರಿಗಿಟ್ಟು
ಅದಕ್ಕೇ ಬೈಯುತ್ತಿದ್ದರು. ಕಣ್ಣಾರೆ ಕಂಡದ್ದು.

ದೋಣಿ ಐತಪ್ಪಣ್ಣನದು. ಮನೆಮಾತು ತುಳು.
ದೊರೆ 'ಕಟ್' ಅಂದರೆ
ಐತಪ್ಪಣ್ಣ ದಡಕ್ಕೆ ಬಂದು ಹಗ್ಗ ಕಟ್ಟುತ್ತಿದ್ದ.
ನಡುಹೊಳೆಯಲ್ಲಿ ಮತ್ತೊಮ್ಮೆ ಬೇಕು ಶಾಟ್,
ದೋಣಿ ಗೂಟದಲ್ಲಿ.
ಏಳು ಸಲ.
'ಕಟ್ಟ್ ಅಂತ ಅವರೇ ಹೇಳಿದ್ದಲ್ಲವೊ?'
ಎಂಟನೆಯದಕ್ಕೆ ಮುಂಚೆ ನನ್ನ ಹೈಸ್ಕೂಲಿನ ಇಂಗ್ಲಿಷಿನಲ್ಲಿ ಹೇಳಿದೆ:
ಸಾರ್, ನಿಮ್ಮಲ್ಲಿ ಅದು ಕತ್ತರಿ,
ನಮ್ಮಲ್ಲಿ ಗಂಟು.
ಅವರು ನಗಲಿಲ್ಲ. ಟಿಪ್ಪಣಿ ಪುಸ್ತಕ ತೆಗೆದು ಬರೆದುಕೊಂಡರು.
ಆಮೇಲೆ ಸಾಕು ಎನ್ನುವಲ್ಲಿ ಕೈ ಎತ್ತುತ್ತಿದ್ದರು, ಅಷ್ಟೆ.

ಚಿತ್ರದಲ್ಲಿ ನೀವೆಲ್ಲಿ ಅಂತ ಕೇಳಿದ್ದೀರಿ.
ಇಲ್ಲ. ಐತಪ್ಪಣ್ಣನ ಬೆನ್ನು ಇದೆ, ಎರಡು ಕ್ಷಣ.
ನಾನು ಬೆಳ್ಳಿಕಾಗದ ಅಂಟಿಸಿದ ಹಲಗೆ ಹಿಡಿದವನು,
ಸೊಂಟಮಟ್ಟದ ನೀರಲ್ಲಿ ನಿಂತು.
ನಾಯಕಿ ಪತ್ರ ಓದುವಾಗ ಅವಳ ಗಲ್ಲದ ಕೆಳಗೆ
ಬಿಸಿಲೊಂದು ನಡುಗುತ್ತದೆ, ನೋಡಿ.
ನನ್ನ ಕಾಲಿಗೆ ಏಡಿ ಕಚ್ಚಿತ್ತು.

ಆ ಟಿಪ್ಪಣಿ ಪುಸ್ತಕ ಮನೆಯಲ್ಲಿ ಎಲ್ಲಾದರೂ ಸಿಕ್ಕರೆ
ಆ ಪುಟ ಹುಡುಕಿ. ಕಳಿಸುವುದು ಬೇಡ,
ಇದೆ ಅಂತ ಬರೆದರೆ ಸಾಕು.
ಮತ್ತೆ, ಐತಪ್ಪಣ್ಣನ ಕಡೇ ದಿನದ ಹನ್ನೊಂದು ರೂಪಾಯಿ
ಬಾಕಿ ಉಳಿದಿದೆ.
ಅವನ ಮಗ ಕೇಳುವುದಿಲ್ಲ, ನಾನೂ ಕೇಳುತ್ತಿಲ್ಲ.
ಸುಮ್ಮನೆ ನೆನಪಾಯ್ತು.